ಒಂದೇ ಹೆಂಗಸಿನ ನಾಲ್ಕು ಅಳು

ಪದ್ಮ ಮದರಾಸಿನಲ್ಲಿ ಫಿಲಂ ಕತ್ತರಿಸಿ ಜೋಡಿಸುವ ಕೆಲಸಕ್ಕೆ ಸೇರುತ್ತಾಳೆಂದು ತಿಳಿದ ದಿನ ಮನೆಯವರೆಲ್ಲ ಮಾತಾಡಿದರು, ನಾನೊಬ್ಬಳು ಮಾತಾಡಲಿಲ್ಲ. “ಅಜ್ಜೀ, ನೀನೂ ಅದೇ ಕೆಲ್ಸ ಮಾಡ್ತಿದ್ದೆಯಂತಲ್ಲ, ಏನಾದ್ರೂ ಹೇಳು” ಎಂದು ಅವಳು ಎರಡು ಸಲ ಕೇಳಿದಳು. ನಾನು ಅವರೆಕಾಯಿ ಬಿಡಿಸುತ್ತ ತಲೆ ತಗ್ಗಿಸಿಕೊಂಡೆ. ನಾಲ್ಕು ಜನ ಮುಖ ನೋಡುತ್ತಿದ್ದರೆ ನನಗೆ ಮಾತು ಬರುವುದಿಲ್ಲ. ಆ ನಾಲ್ಕು ಜನ ನನ್ನ ಮೊಮ್ಮಕ್ಕಳೇ ಆದರೂ ಅಷ್ಟೆ. ಬರೆಯುವುದಾದರೆ ಬರೆಯಬಲ್ಲೆ. ಮೊಳಕಾಲ್ಮೂರಿನಲ್ಲಿ ಮೇಷ್ಟ್ರ ಮನೆಯ ಜಗಲಿಯ ಮೇಲೆ ನಾಲ್ಕನೆಯ ತರಗತಿಯವರೆಗೆ ಓದಿದ್ದೇನೆ. ಮನೆಯಲ್ಲಿ ತೆಲುಗು, ಜಗಲಿಯಲ್ಲಿ ಕನ್ನಡ.

ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. ನಿಮಗೆಲ್ಲ ಟೆಂಟ್ ಬಯಾಸ್ಕೋಪಿನ ಕತೆ ಎಂದರೆ ನಿಮ್ಮ ಚಿಕ್ಕಜ್ಜಿ ರುಕ್ಕಮ್ಮನ ಕತೆ. ಈ ಸೀಮೆಯಲ್ಲಿ ಹಳಬರು ಯಾರನ್ನು ಕೇಳಿದರೂ ಅವಳ ದನಿಯನ್ನು ನೆನೆಯುತ್ತಾರೆ. ಅವಳು ನನ್ನ ಓರಗಿತ್ತಿ, ನಿಮ್ಮ ತಾತನ ತಮ್ಮನ ಹೆಂಡತಿ. ಅವಳು ಹೋಗಿ ಎಷ್ಟೋ ವರ್ಷವಾಯಿತು. ನಿಮ್ಮ ತಾತನೂ ಹೋದರು. ನನ್ನ ಹೊಟ್ಟೆಕಿಚ್ಚು ಮಾತ್ರ ಇನ್ನೂ ಹೋಗಿಲ್ಲ. ಹಾಗಾಗಿ ಇದರಲ್ಲಿ ಕೆಲಸದ ವಿಷಯ ಎಷ್ಟಿದೆಯೋ ಅದರ ವಿಷಯವೂ ಅಷ್ಟೇ ಇರುತ್ತದೆ. ಬೇಡವೆನಿಸಿದವರು ಬಿಟ್ಟು ಓದಬಹುದು.

ನಾನು ಹುಟ್ಟಿದ್ದು ರೇಷ್ಮೆ ಸೀರೆ ನೇಯುವವರ ಮನೆಯಲ್ಲಿ. ಮಗ್ಗದ ಮೇಲಿನ ಹಾಸು ಮುಗಿಯುತ್ತ ಬಂದಾಗ ಹಳೆಯ ಹಾಸಿನ ಒಂದೊಂದು ಎಳೆಗೂ ಹೊಸ ಹಾಸಿನ ಒಂದೊಂದು ಎಳೆಯನ್ನು ಹೊಸೆದು ಕೂಡಿಸಬೇಕು. ಅದಕ್ಕೆ ಕೆಚ್ಚುವುದು ಎನ್ನುತ್ತಾರೆ. ಬೆರಳ ತುದಿಗೆ ಬೂದಿ ಹಚ್ಚಿಕೊಂಡು ಸಾವಿರಾರು ಎಳೆ ಕೆಚ್ಚಬೇಕು. ಒಂದು ಎಳೆ ಪಕ್ಕದ ಎಳೆಯ ಜಾಗಕ್ಕೆ ಹೋದರೆ ಇಡೀ ಸೀರೆಯಲ್ಲಿ ಗೆರೆ ಕಾಣುತ್ತದೆ. ಹತ್ತು ವರ್ಷದವಳಿದ್ದಾಗಲೇ ನನಗೆ ಅದು ಕೈಗೆ ಬಂದಿತ್ತು.

ನಿಮ್ಮ ತಾತನ ಮನೆಯವರೂ ನೇಕಾರರೇ. ಆದರೆ ಅವರಿಗೆ ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ಕೂರುವುದು ಆಗುತ್ತಿರಲಿಲ್ಲ. ಬಳ್ಳಾರಿಗೆ ಹೋಗಿ, ಅಲ್ಲಿ ಬಯಾಸ್ಕೋಪ್ ಮಿಷನ್ ತಿರುಗಿಸುವುದನ್ನು ಕಲಿತು, ಹಳೆಯ ಮಿಷನ್ ಒಂದನ್ನು ತಂದು ತಮ್ಮನ ಜೊತೆ ಸೇರಿ ಟೆಂಟ್ ಹಾಕಿದರು. ಆಗ ಚಿತ್ರಗಳಿಗೆ ಮಾತಿರಲಿಲ್ಲ. ಮಿಷನ್ನನ್ನು ಕೈಯಿಂದಲೇ ತಿರುಗಿಸಬೇಕಿತ್ತು. ಮೂರು ಎತ್ತಿನ ಗಾಡಿಗಳಲ್ಲಿ ಟೆಂಟು, ಮಿಷನ್ನು, ಪಾತ್ರೆ ಪಡಗ, ನಾವು. ಚಳ್ಳಕೆರೆ, ಅಲ್ಲಿಂದ ದೇವಸಮುದ್ರ, ಅಲ್ಲಿಂದ ಮೊಳಕಾಲ್ಮೂರು, ಮತ್ತೆ ಹಿಂದಕ್ಕೆ. ಮಳೆಗಾಲದಲ್ಲಿ ಮಾತ್ರ ಮನೆ.

ಫಿಲಮುಗಳು ನಮ್ಮ ಹತ್ತಿರ ಬರುವಷ್ಟರಲ್ಲಿ ಎಲ್ಲೆಲ್ಲೋ ತಿರುಗಿ ಮುಪ್ಪಾಗಿರುತ್ತಿದ್ದವು. ಆಟದ ನಡುವೆ ಮೂರು ನಾಲ್ಕು ಸಲ ಹರಿಯುತ್ತಿದ್ದವು. ಹರಿದಾಗ ಜನ ಸೀಟಿ ಹೊಡೆದು, ಪರದೆಗೆ ಮಣ್ಣು ಎರಚುತ್ತಿದ್ದರು. ನಿಮ್ಮ ತಾತ ಬೆವರು ಒರೆಸಿಕೊಂಡು ಫಿಲಮಿಗೆ ಏನೋ ಅಂಟಿಸುತ್ತಿದ್ದರು, ಅದು ಮತ್ತೆ ಬಿಡುತ್ತಿತ್ತು. ಮದುವೆಯಾಗಿ ಮೂರನೆಯ ತಿಂಗಳು ನಾನು ಬಾಯಿಬಿಟ್ಟೆ. “ನಂಗೆ ಕೊಡ್ರಿ, ನಾನು ಕೆಚ್ತೀನಿ” ಎಂದೆ.

ಕೊಟ್ಟರು. ನಾನು ಏನು ಮಾಡಿದೆ ಗೊತ್ತೇ? ಸಣ್ಣ ರೇಷ್ಮೆ ಎಳೆ ತೆಗೆದುಕೊಂಡು, ಫಿಲಮಿನ ಎರಡು ತುದಿಗಳನ್ನು ಒಂದರ ಮೇಲೊಂದು ಇಟ್ಟು, ಹೊಲಿಗೆ ಹಾಕಿದೆ. ಹೊಲಿಗೆ ಕಣ್ಣಿಗೇ ಬೀಳದಷ್ಟು ಚೆಂದ ಬಂದಿತ್ತು. ನಿಮ್ಮ ತಾತನಿಗೂ ಮೆಚ್ಚುಗೆಯಾಯಿತು. ಸಂಜೆ ಆಟ ಶುರುವಾಯಿತು. ಹೊಲಿಗೆ ದೀಪದ ಮುಂದಿನ ಕಿಂಡಿಗೆ ಬಂದ ಕೂಡಲೇ ಸಿಕ್ಕಿಕೊಂಡಿತು. ಪರದೆಯ ಮೇಲೆ ರಾಜಕುಮಾರಿಯ ಕೆನ್ನೆಯಲ್ಲಿ ಒಂದು ಕಂದು ಮಚ್ಚೆ ಎದ್ದು, ಹಪ್ಪಳ ಸುಟ್ಟ ಹಾಗೆ ಅಗಲವಾಗುತ್ತ ಹೋಯಿತು. ಜನ ಅದೂ ಕತೆಯೊಳಗಿನದೇ ಎಂದುಕೊಂಡು ಬಾಯಿಬಿಟ್ಟು ನೋಡುತ್ತಿದ್ದರು. ಆಗಿನ ಫಿಲಂ ಬೆಂಕಿಗೆ ಕರ್ಪೂರದ ಹಾಗೆ. ನಿಮ್ಮ ತಾತ ಬರಿಗೈಯಲ್ಲಿ ಎಳೆದು ನೆಲಕ್ಕೆ ಹಾಕಿ ಮರಳು ಸುರಿದರು. ಅಂಗೈ ಬೊಬ್ಬೆ ಎದ್ದಿತ್ತು.

“ಸೀರೆ ಅಂದ್ಕಂಡ್ಯೇನೇ ಇದನ್ನ?” ಎಂದರು. ಬೈದದ್ದು ಅಷ್ಟೆ. ಮರುದಿನ ಕೈಗೆ ಬಟ್ಟೆ ಕಟ್ಟಿಕೊಂಡೇ ಬಳ್ಳಾರಿಗೆ ಹೋಗಿ, ಸರಿಯಾಗಿ ಅಂಟಿಸುವುದು ಹೇಗೆಂದು ಫಿಲಂ ಬಾಡಿಗೆಗೆ ಕೊಡುವ ಏಜೆಂಟರನ್ನು ಕೇಳಿಕೊಂಡು, ಒಂದು ಪುಟ್ಟ ಸೀಸೆ ತಂದರು. ಅದರ ಬಿರಡೆ ತೆಗೆದರೆ ಕಳಿತ ಬಾಳೆಹಣ್ಣಿನ ವಾಸನೆ.

ಪದ್ಮ, ನಿಮ್ಮಲ್ಲಿ ಈಗ ಹೇಗೋ ತಿಳಿಯದು. ನಾವು ಮಾಡುತ್ತಿದ್ದದ್ದು ಹೀಗೆ. ಫಿಲಮಿಗೆ ಒಂದು ಬದಿ ಮಿಂಚು, ಇನ್ನೊಂದು ಬದಿ ಮಂಕು. ಚಿತ್ರ ಇರುವುದು ಮಂಕು ಬದಿಯಲ್ಲಿ. ಯಾವ ಬದಿ ಎಂದು ಅನುಮಾನ ಬಂದರೆ ಒದ್ದೆ ತುಟಿಗೆ ತಾಕಿಸಬೇಕು, ಮಂಕು ಬದಿ ಅಂಟಿಕೊಳ್ಳುತ್ತದೆ. ಒಂದು ಚಿತ್ರಕ್ಕೆ ಅಂಚಿನಲ್ಲಿ ನಾಲ್ಕು ತೂತು. ತೂತಿಗೆ ತೂತು ಕೂರದಿದ್ದರೆ ಪರದೆಯ ಮೇಲೆ ಮನುಷ್ಯರ ಕಾಲು ಮೇಲೆ, ತಲೆ ಕೆಳಗೆ ಬರುತ್ತದೆ. ಒಂದು ತುದಿಯಲ್ಲಿ ಮಂಕು ಪೊರೆಯನ್ನು ಬ್ಲೇಡಿನಿಂದ ಹೆರೆದು, ಸೀಸೆಯ ಅಂಟನ್ನು ಒಂದೇ ಸಲ ಸವರಿ, ಇನ್ನೊಂದು ತುದಿಯನ್ನು ಕೂರಿಸಿ, ಇಪ್ಪತ್ತು ಎಣಿಸುವವರೆಗೆ ಒತ್ತಿ ಹಿಡಿಯಬೇಕು. ಎರಡನೆಯ ಸಲ ಸವರಿದರೆ ಕೆಟ್ಟಿತು. ನಾನು ಇದಕ್ಕೂ ಕೆಚ್ಚುವುದು ಎಂದೇ ಹೇಳುತ್ತಿದ್ದೆ. ನಾನು ಕೆಚ್ಚಿದ ಮೇಲೆ ಫಿಲಂ ಬೇರೆ ಕಡೆ ಹರಿದೀತು, ಅಲ್ಲಿ ಹರಿಯುತ್ತಿರಲಿಲ್ಲ. ಇದನ್ನು ನಿಮ್ಮ ತಾತ ಒಂದು ದಿನವೂ ಬಾಯಿಬಿಟ್ಟು ಹೇಳಲಿಲ್ಲ, ಅದಕ್ಕೇ ಇಲ್ಲಿ ನಾನೇ ಹೇಳಿಕೊಳ್ಳುತ್ತಿದ್ದೇನೆ.

ಹೀಗೆ ಎರಡು ವರ್ಷ ಕಳೆದ ಮೇಲೆ ಮೈದುನನಿಗೆ ರುಕ್ಕಮ್ಮನನ್ನು ತಂದುಕೊಂಡೆವು. ಅವಳು ರಾಯದುರ್ಗದ ಕಡೆಯವಳು. ಮೊದಲ ವಾರ ಅವಳೂ ನನ್ನ ಹಾಗೆಯೇ ಸೆರಗು ಹೊದ್ದು ಓಡಾಡಿದಳು. ಆಗ ಪರದೆಯ ಪಕ್ಕ ಬೆತ್ತ ಹಿಡಿದು ನಿಂತು ಜನರಿಗೆ ಕತೆ ಹೇಳಲು ಒಬ್ಬ ಮುದುಕರಿದ್ದರು. ಚಿತ್ರದಲ್ಲಿ ಬರುವ ಅಕ್ಷರವೆಲ್ಲ ಇಂಗ್ಲಿಷು, ಹಿಂದಿ. ನಮ್ಮ ಜನಕ್ಕೆ ಯಾರಾದರೂ ಹೇಳಲೇಬೇಕು. ಒಂದು ಸಂಜೆ ಆ ಮುದುಕರಿಗೆ ಕೆಮ್ಮು ಹತ್ತಿ ಮಾತೇ ನಿಂತುಹೋಯಿತು. ಹೆಂಗಸರ ಸಾಲಿನಲ್ಲಿ ಕೂತಿದ್ದ ರುಕ್ಕಮ್ಮ ಕೂತಲ್ಲಿಂದಲೇ, “ಅವ್ನು ಬಾಗ್ಲು ತಟ್ತಾ ಅವ್ನೆ, ಇವ್ಳು ತೆಗ್ಯಲ್ಲ. ಯಾಕೆ ತೆಗೀಬೇಕು? ಮೂರು ವರ್ಷ ಎಲ್ಲಿ ಸತ್ತಿದ್ದ?” ಎಂದಳು. ಟೆಂಟೆಲ್ಲ ನಕ್ಕಿತು. ಮಾರನೆಯ ದಿನದಿಂದ ಮುದುಕರ ಬೆತ್ತ ಅವಳ ಕೈಗೆ ಬಂತು.

ಅವಳ ದನಿ ಹೇಗಿತ್ತೆಂದು ಬರೆಯಲು ನನಗೆ ಇಷ್ಟವಿಲ್ಲ. ಆದರೂ ಬರೆಯಬೇಕು. ಕೂಗುವ ದನಿಯಲ್ಲ. ಕಡೆಯ ಸಾಲಿನವನಿಗೂ ಅವಳು ತನ್ನ ಪಕ್ಕದಲ್ಲೇ ಕೂತು ಗುಟ್ಟು ಹೇಳುತ್ತಿದ್ದಾಳೆ ಎನಿಸುತ್ತಿತ್ತು. ಕನ್ನಡದಲ್ಲಿ ಅರ್ಧ ಹೇಳಿ, ತೆಲುಗಿನಲ್ಲಿ ಇನ್ನರ್ಧ ಹೇಳಿ, ಎರಡೂ ಮಾತಿನ ಮನೆಯವರನ್ನು ಒಟ್ಟಿಗೆ ಅಳಿಸುತ್ತಿದ್ದಳು. ಆಟ ಮುಗಿದ ಮೇಲೆ ಹೆಂಗಸರು ಅವಳಿಗೆ ಕನಕಾಂಬರ ಮುಡಿಸಿ ಹೋಗುತ್ತಿದ್ದರು. ಚಳ್ಳಕೆರೆಯಲ್ಲಿ ಎಣ್ಣೆ ಗಾಣದ ಮನೆಯ ಹೆಂಗಸೊಬ್ಬರು ಅವಳಿಗೆಂದು ಶೇಂಗಾ ಹೋಳಿಗೆ ತಂದು, ನನ್ನನ್ನು ನೋಡಿ, “ನೀವು ಇವ್ರ ಮನೇಲಿ ಅಡುಗೆಗೆ ಇದ್ದೀರೇನ್ರಿ?” ಎಂದು ಕೇಳಿದರು. ರುಕ್ಕಮ್ಮ, “ಅಯ್ಯೋ, ನಮ್ಮಕ್ಕಯ್ಯ ಕಣ್ರಿ” ಎಂದು ನನ್ನ ಕೈಗೆ ಮೊದಲ ಹೋಳಿಗೆ ಕೊಟ್ಟಳು. ನಾನು ಅದನ್ನು ಒಯ್ದು ಎತ್ತಿಗೆ ತಿನ್ನಿಸಿದೆ.

ಎಲ್ಲಕ್ಕಿಂತ ಹೆಚ್ಚು ಉರಿದದ್ದು ನಿಮ್ಮ ತಾತನ ಮಾತಿಗೆ. ಒಂದು ಬೆಳಿಗ್ಗೆ ಯಾರ ಜೊತೆಗೋ ಹೇಳುತ್ತಿದ್ದರು: “ನಮ್ ರುಕ್ಕು ಇಲ್ದಿದ್ರೆ ಟೆಂಟು ಎಲ್ಲೈತೆ?” ನಾನು ಅವರ ಬೆನ್ನ ಹಿಂದೆಯೇ ಕೂತು ಬ್ಲೇಡಿನಿಂದ ಫಿಲಂ ಹೆರೆಯುತ್ತಿದ್ದೆ.

ಇನ್ನು ತುಂಡುಗಳ ವಿಷಯ. ಪ್ರತಿ ಸಲ ಹರಿದಾಗ ಸವೆದ ಭಾಗವನ್ನು ಕತ್ತರಿಸಿ ಕೆಚ್ಚಬೇಕು. ಹಾಗಾಗಿ ಫಿಲಂ ದಿನದಿನಕ್ಕೆ ಗಿಡ್ಡವಾಗುತ್ತಿತ್ತು. ಏಜೆಂಟರು ವಾಪಸು ಬಂದ ರೀಲು ನೋಡಿ, “ಏನಮ್ಮ, ನಿಮ್ ಸೀಮೇಲಿ ಫಿಲಂ ತಿಂತಾರಾ?” ಎನ್ನುತ್ತಿದ್ದರು. ಒಂದು ಸಲ ಕತ್ತರಿಸಿದ ತುಂಡುಗಳನ್ನೆಲ್ಲ ಗಂಟು ಕಟ್ಟಿ ಅವರ ಮುಂದಿಟ್ಟೆ. “ಇದನ್ನ ಏನು ಮಾಡ್ಲಿ, ಉಪ್ಪಿನಕಾಯಿ ಹಾಕ್ಲಾ?” ಎಂದು ತಳ್ಳಿದರು. ಅಂದಿನಿಂದ ತುಂಡುಗಳೆಲ್ಲ ನನ್ನವು. ಬೆಂಕಿಯ ಭಯಕ್ಕೆ ಒಂದು ತಗಡಿನ ಡಬ್ಬದಲ್ಲಿ, ಒಲೆಯಿಂದ ದೂರ, ಗಾಡಿಯ ಕೆಳಗೆ ಇಡುತ್ತಿದ್ದೆ. ಬಿಳಿಯ ಸಿಪಾಯಿಗಳ ಸಾಲು, ಯಾವುದೋ ದರ್ಬಾರಿನ ಆನೆಗಳು, ಹೊರಡುವ ಹಡಗು, ಏಣಿಯಿಂದ ಬೀಳುವ ದಪ್ಪನೆಯ ಮನುಷ್ಯ, ನಾಯಿಗೆ ಬಿಸ್ಕತ್ತು ತಿನ್ನಿಸುವ ದೊರೆಸಾನಿ, ಜಾಹೀರಾತಿನ ಸೋಪಿನ ಡಬ್ಬಿ, ಆಕಾಶದಿಂದ ಇಳಿಯುವ ದೇವಿ. ಮಧ್ಯಾಹ್ನ ಎಲ್ಲರೂ ಮಲಗಿದಾಗ ಒಂದೊಂದನ್ನೇ ಬೆಳಕಿಗೆ ಹಿಡಿದು ನೋಡುತ್ತಿದ್ದೆ.

ಆ ತುಂಡುಗಳಿಗೆ ಒಂದು ಗುಣವಿದೆಯೆಂದು ತಿಳಿದದ್ದು ನನ್ನದೇ ತಪ್ಪಿನಿಂದ. ಒಂದು ದಿನ ಅವಸರದಲ್ಲಿ, ದೇವಿ ಇಳಿದುಬರುವ ತುಂಡಿನ ಹಿಂದೆ ಭಕ್ತನ ಮುಖ ಕೆಚ್ಚುವ ಬದಲು ಸೋಪಿನ ಡಬ್ಬಿ ಕೆಚ್ಚಿಬಿಟ್ಟೆ. ಪರದೆಯ ಮೇಲೆ ದೇವಿ ಕೈಯೆತ್ತಿದಳು, ಮರುಕ್ಷಣ ಅಷ್ಟೆತ್ತರದ ಸೋಪಿನ ಡಬ್ಬಿ. ಈಗ ಜನ ನಗುತ್ತಾರೆ ಎಂದುಕೊಂಡೆ. ಆದರೆ ಹೆಂಗಸರ ಸಾಲಿನಲ್ಲಿ ಯಾರೂ ನಗಲಿಲ್ಲ. ದೇವಿಗೆ ಮುಗಿದ ಕೈ ಇಳಿಸದೆ ಸೋಪಿಗೂ ಮುಗಿದರು. ವಾರದೊಳಗೆ ಚಳ್ಳಕೆರೆಯ ಅಂಗಡಿಗಳಲ್ಲಿ ಹೆಂಗಸರು ಆ ಸೋಪು ಐತೇನ್ರಿ ಎಂದು ಕೇಳತೊಡಗಿದರು. ಹಿಂದಿನ ಚಿತ್ರದ ಬಣ್ಣ ಮುಂದಿನ ಚಿತ್ರಕ್ಕೆ ಹತ್ತುತ್ತದೆ ಎಂದು ನನಗೆ ಆಗ ಹೊಳೆಯಿತು. ಕೆಂಪು ನೂಲನ್ನು ಒದ್ದೆಯಿರುವಾಗಲೇ ಬಿಳಿ ನೂಲಿನ ಪಕ್ಕ ಒಣಹಾಕಿದ ಹಾಗೆ.

ಡಬ್ಬದಲ್ಲಿ ಇನ್ನೊಂದು ತುಂಡು ಇತ್ತು. ಅಳುವ ಹೆಂಗಸು. ಅವಳು ಯಾವ ಚಿತ್ರದವಳೋ ನನಗೆ ಮರೆತಿತ್ತು. ಬರೀ ಮುಖ, ಮೂಗಿನಲ್ಲಿ ಮೂಗುಬಟ್ಟು. ಕಣ್ಣು ಎತ್ತುತ್ತಾಳೆ, ತುಟಿ ಕಚ್ಚುತ್ತಾಳೆ, ನೀರು ಇಳಿಯುತ್ತದೆ. ಎಂಟು ಮೊಳ ಉದ್ದ. ಅದರ ಒಂದೊಂದು ಚಿತ್ರವೂ ನನಗೆ ಬಾಯಿಪಾಠ.

ದೇವಸಮುದ್ರದಲ್ಲಿ ಒಮ್ಮೆ ಹೀಗಾಯಿತು. ಚಿತ್ರದ ಕಡೆಯ ರೀಲು ಬಳ್ಳಾರಿಯಿಂದ ಬರಲೇ ಇಲ್ಲ. ಕುರಿ ಹಟ್ಟಿಗಳಿಂದ ಜನ ನಡೆದು ಬಂದು ಟೆಂಟಿನ ಮುಂದೆ ಕೂತಾಗಿತ್ತು. ನಿಮ್ಮ ತಾತ ತಲೆ ಮೇಲೆ ಕೈ ಹೊತ್ತು, “ಏನಾದ್ರೂ ಮಾಡೇ, ಹತ್ತು ನಿಮಿಷ ಪರದೆ ಮೇಲೆ ಏನಾದ್ರೂ ಓಡ್ಬೇಕು” ಎಂದರು. ನಾನು ಡಬ್ಬ ತೆಗೆದೆ. ಅಳುವ ಹೆಂಗಸನ್ನು ಎರಡೆರಡು ಮೊಳದ ನಾಲ್ಕು ತುಂಡು ಮಾಡಿ, ಒಂದನ್ನು ಡಬ್ಬದಲ್ಲೇ ಉಳಿಸಿದೆ. ಸಿಪಾಯಿಗಳು, ಅವಳ ಅಳು. ಹಡಗು, ಅವಳ ಅಳು. ಆನೆಗಳು, ಅವಳ ಅಳು. ನಡುನಡುವೆ ಮಿಕ್ಕ ತುಂಡುಗಳು. ಹೊತ್ತು ಮುಳುಗುವಷ್ಟರಲ್ಲಿ ರೀಲು ಸಿದ್ಧವಾಯಿತು. ಇದು ಯಾವ ಕತೆ ಎಂದು ನನಗೇ ಗೊತ್ತಿರಲಿಲ್ಲ.

ರುಕ್ಕಮ್ಮ ಅಂದು ಪರದೆಯ ಬುಡದಲ್ಲೇ ಕೂತಿದ್ದಳು. ಸಿಪಾಯಿಗಳು ಹೋದರು, ಮುಖ ಬಂತು. “ಒಬ್ನೇ ಮಗ ಕಣ್ರಿ” ಎಂದಳು. “ಬೆಳಿಗ್ಗೆ ಬುತ್ತಿ ಕಟ್ಕೊಟ್ಟಾಳೆ. ಸಂಜೀಗೆ ಬರ್ತೀನವ್ವಾ ಅಂದಾನೆ.” ಹಡಗು ಹೋಯಿತು. “ಗಂಡ ರಂಗೂನಿಗೆ ಹೋದ. ಎಲ್ಡು ಕಾಗ್ದ ಬಂತು, ಮೂರ್ನೇದು ಬರ್ಲಿಲ್ಲ.” ಆನೆಗಳು ಬಂದವು. “ಆನೆ ಮೇಲೆ ಕುಂತಾನಲ್ಲ, ಚಿಕ್ಕೋನಿದ್ದಾಗ ಇವ್ಳ ಕೈ ಹಿಡ್ದು ಆಡಿದೋನು. ಈಗ ನೋಡ್ರಿ, ಕತ್ತು ಸೈತ ತಿರುಗಿಸ್ಲಿಲ್ಲ.” ನಾನು ಹಿಂದಿನಿಂದ ನೋಡುತ್ತಿದ್ದೆ. ಮುಂದಿನ ಸಾಲಿನಲ್ಲಿ ಕಂಬಳಿ ಹೊದ್ದ ಒಬ್ಬ ಮುದುಕಿ ಮೂರು ಸಲವೂ ಬಿಕ್ಕಿಬಿಕ್ಕಿ ಅತ್ತಳು. ಮೂರೂ ಒಂದೇ ಮುಖ ಎಂದು ಇಡೀ ಟೆಂಟಿನಲ್ಲಿ ಒಬ್ಬರಿಗೂ ಗೊತ್ತಾಗಲಿಲ್ಲ.

ಅಂದು ಕನಕಾಂಬರ ಹೆಚ್ಚೇ ಬಂತು. ಎಲ್ಲ ಅವಳ ತಲೆಗೆ. ಅಳಿಸಿದ್ದು ಯಾರು? ಯಾವುದರ ಹಿಂದೆ ಯಾವುದು ಎಂದು ಕೂರಿಸಿದವಳು ನಾನು. ಅವಳು ಬರೀ ಬಾಯಾಡಿಸಿದಳು. ಅಂದಿನಿಂದ ನನ್ನ ಮನಸ್ಸು ಕೆಟ್ಟಿತು. ಅವಳ ಕೈಯಿಂದ ಆ ಬೆತ್ತ ಇಳಿಯಬೇಕು, ಅವಳು ನನ್ನ ಪಕ್ಕದಲ್ಲಿ ಒಲೆ ಊದಬೇಕು, ನಿಮ್ಮ ತಾತ ಯಾರಿಗಾದರೂ ನನ್ನ ಹೆಸರು ಹೇಳುವುದನ್ನು ನಾನು ಕೇಳಬೇಕು. ನನಗೆ ಬೇಕಾಗಿದ್ದದ್ದು ಇಷ್ಟೆ.

ಮುಂದಿನ ಊರು ಮೊಳಕಾಲ್ಮೂರು, ನನ್ನ ತವರು. ಅಲ್ಲಿ ನೇಕಾರ ಬೀದಿಯವರೆಲ್ಲ ಬರುತ್ತಾರೆ. ಅವರ ಕಣ್ಣು ಚುರುಕು, ಸೀರೆಯಲ್ಲಿ ಒಂದು ಎಳೆ ತಪ್ಪಿದರೂ ಹಿಡಿಯುವವರು. ಅಲ್ಲಿ ರುಕ್ಕಮ್ಮನನ್ನು ಬೀಳಿಸಬೇಕೆಂದುಕೊಂಡೆ. ಅವಳಿಗೆ ಹೇಳದೆ ಬೇರೆ ರೀಲು ಕೆಚ್ಚಿದೆ. ಏಣಿಯಿಂದ ಬೀಳುವ ದಪ್ಪ ಮನುಷ್ಯ, ಅದರ ಹಿಂದೆ ಅಳು. ಸೋಪಿನ ಡಬ್ಬಿ, ಅದರ ಹಿಂದೆ ಅಳು. ಬಿಸ್ಕತ್ತು ತಿನ್ನುವ ನಾಯಿ, ಅದರ ಹಿಂದೆ ಅಳು. ಕಡೆಗೆ ಏನೂ ಇಲ್ಲದೆ ಬರೀ ಅಳು. ಇದಕ್ಕೆ ಅವಳು ಏನು ಕತೆ ಕಟ್ಟುತ್ತಾಳೋ ನೋಡೋಣ. ನಾಯಿ ನೋಡಿ ಅಳುವವರು ಯಾರಿದ್ದಾರೆ? ಅವಳು ತಡವರಿಸುತ್ತಾಳೆ, ಜನ ಅವಳನ್ನು ನೋಡಿ ನಗುತ್ತಾರೆ. ಇಷ್ಟು ದಿನ ಅವಳು ಹೇಳಿದ್ದೆಲ್ಲ ಬೊಗಳೆ ಎಂದು ತಿಳಿಯುತ್ತಾರೆ.

ಆ ಸಂಜೆ ನಮ್ಮವ್ವನೂ ಬಂದು ಹೆಂಗಸರ ಸಾಲಿನಲ್ಲಿ ಕೂತಿದ್ದಳು. ದೊಡ್ಡ ಚಿತ್ರ ಮುಗಿದ ಮೇಲೆ ನನ್ನ ರೀಲು ಹಾಕಿದರು. ದಪ್ಪ ಮನುಷ್ಯ ಏಣಿಯಿಂದ ಬಿದ್ದ. ಟೆಂಟು ಗೊಳ್ಳೆಂದಿತು. ಮುಖ ಬಂತು. ರುಕ್ಕಮ್ಮ ಬಾಯಿ ತೆರೆದವಳು ನಿಂತಳು. ಆಮೇಲೆ ಅವಳು ಮೆಲ್ಲಗೆ, “ನಕ್ರೇನ್ರಿ?” ಎಂದಳು. “ಬಿದ್ದೋನಿಗೂ ಮನೇಲಿ ಒಬ್ಳು ಅವ್ಳೆ, ನೋಡ್ರಿ.” ನಗುತ್ತಿದ್ದ ಟೆಂಟು ಒಮ್ಮೆಗೇ ತಣ್ಣಗಾಯಿತು. ನಮ್ಮವ್ವ ಸೆರಗನ್ನು ಕಣ್ಣಿಗೆ ಒತ್ತಿಕೊಂಡಳು.

ಸೋಪಿನ ಡಬ್ಬಿ ಬಂತು. ಮತ್ತೆ ಮುಖ ಬಂತು. ರುಕ್ಕಮ್ಮ ಎರಡು ಹೆಜ್ಜೆ ಹಿಂದೆ ಸರಿದು ಪರದೆಯನ್ನು ನೋಡಿದಳು.

“ತಡೀರಿ, ತಡೀರಿ. ಇವ್ಳು ಆಗ್ಲೇ ಅತ್ತೋಳಲ್ವಾ?” ಎಂದಳು. “ಅವ್ಳೇ ಕಣ್ರಿ! ಆ ಮೂಗುಬಟ್ಟು ನೋಡ್ರಿ!”

ಸಿಕ್ಕಿಬಿದ್ದಳು ಎಂದುಕೊಂಡೆ. ಜನರಲ್ಲಿ ಗುಸುಗುಸು ಎದ್ದಿತು. “ಹೌದಲ್ಲೇ, ಅವ್ಳೇ!” ಎಂದು ಯಾರೋ ಕೂಗಿದರು. ಅಷ್ಟರಲ್ಲಿ ನಾಯಿ ಬಂತು, ಬಿಸ್ಕತ್ತು ತಿಂತು, ಮತ್ತೆ ಅದೇ ಮುಖ. ರುಕ್ಕಮ್ಮ ಬೆತ್ತವನ್ನು ಜನರ ಕಡೆ ತಿರುಗಿಸಿದಳು.

“ನಂಗೆ ಗೊತ್ತಿಲ್ಲಪ್ಪ ಇವ್ಳು ಯಾಕೆ ಅಳ್ತಾಳೋ. ನಿಮಗೆ ಗೊತ್ತಿದ್ರೆ ಹೇಳ್ರಿ!”

ಗಂಡಸರ ಕಡೆಯಿಂದ, “ಜರಿ ಕಪ್ಪಾಯ್ತು ಅಂತ!” ಎಂದು ಬಂತು. “ಸಾವ್ಕಾರ ಸೀರೆ ವಾಪಸ್ ಎಸೆದ!” “ನಾಯಿಗೆ ಬಿಸ್ಕತ್ತು, ಇವ್ಳಿಗೆ ಏನೂ ಇಲ್ಲ!” ಹೆಂಗಸರ ಕಡೆಯಿಂದ ಒಬ್ಬಳು, “ನಾದಿನಿ ಬಂದು ಮೂರು ತಿಂಗ್ಳಾಯ್ತು, ಹೋಗ್ತಾ ಇಲ್ಲ!” ಎಂದಳು. ಟೆಂಟು ಹಾರಿಹೋಗುವಷ್ಟು ನಗು. ಕಡೆಯ ಅಳು ಬಂದಾಗ ಎಲ್ಲರೂ ಒಟ್ಟಿಗೆ ಕೂಗುತ್ತಿದ್ದರು.

ನಗು ಇಳಿದ ಮೇಲೆ ರುಕ್ಕಮ್ಮ ಕೇಳಿದಳು: “ಹಂಗಾದ್ರೆ ಇಷ್ಟು ದಿನ ನೀವು ಅವ್ಳ ಮಖ ನೋಡಿ ಅತ್ರೋ, ನನ್ನ ಮಾತು ಕೇಳಿ ಅತ್ರೋ?”

ನಾನು ಹೇಳಬೇಕೆಂದಿದ್ದ ಮಾತು ಅದೇ. ಅದನ್ನು ಹೇಳಲು ನಾನು ಅಷ್ಟೊಂದು ಫಿಲಂ ಕತ್ತರಿಸಿದ್ದೆ. ಅವಳು ಒಂದೇ ಉಸಿರಿಗೆ ಹೇಳಿಬಿಟ್ಟಳು. ಅದೂ ತನ್ನನ್ನೇ ಹಿಡಿದುಕೊಟ್ಟು.

ಅಷ್ಟಕ್ಕೆ ಬಿಟ್ಟಿದ್ದರೂ ಸಾಕಿತ್ತು. “ಇದನ್ನೆಲ್ಲ ಜೋಡ್ಸಿದ್ದು ನಮ್ಮಕ್ಕಯ್ಯ, ನಿಮ್ಮೂರ ಮಗಳು. ಬಾ ಅಕ್ಕಯ್ಯ, ಮುಂದಕ್ಕೆ ಬಾ!” ಎಂದು ಕೂಗಿದಳು. ಜನ ಹಿಂದಕ್ಕೆ ತಿರುಗಿದರು. ನಿಮ್ಮ ತಾತ, “ಹೋಗೇ, ಕರೀತಾ ಅವ್ಳೆ” ಎಂದರು. ನಾನು ಮಿಷನ್ನಿನ ಮೇಜಿನ ಕೆಳಗೆ ಕೂತುಬಿಟ್ಟೆ. ಏನೋ ಹುಡುಕುವವಳ ಹಾಗೆ ನೆಲ ತಡವಿದೆ. ಸ್ವಲ್ಪ ಹೊತ್ತು ನೋಡಿ ಜನ ಎದ್ದರು.

ಮರುದಿನ ತವರುಮನೆಗೆ ಹೋದರೆ ನಮ್ಮವ್ವ, “ಎಷ್ಟು ಚೆಂದ ಮಾಡಿದ್ಲೇ ಆ ರುಕ್ಕಮ್ಮ!” ಎಂದಳು. “ನೀನು ಯಾಕೆ ಎದ್ದು ಬರ್ಲಿಲ್ಲ?” ಎಂದು ಕೇಳಿದಳು.

ಆ ಮೇಲೆ ಆ ರೀಲು ಬಿಟ್ಟು ಆಟವೇ ನಡೆಯದ ಹಾಗಾಯಿತು. ಜನ ಬಂದ ಕೂಡಲೇ “ಅಳೋ ಹೆಂಗ್ಸು ಐತೇನ್ರಿ?” ಎಂದು ಕೇಳುತ್ತಿದ್ದರು. ಊರೂರಿಗೆ ಬೇರೆ ಬೇರೆಯಾಗಿ ಕೆಚ್ಚಿ ಕೊಡುತ್ತಿದ್ದೆ. ಚಳ್ಳಕೆರೆಯಲ್ಲಿ ಒಮ್ಮೆ ದರ್ಬಾರಿನ ಆನೆಗಳ ಹಿಂದೆ ಏಣಿಯಿಂದ ಬೀಳುವವನನ್ನು ಕೆಚ್ಚಿದೆ. ಮುಂದೆ ಕುರ್ಚಿಯಲ್ಲಿ ಅಮಲ್ದಾರರು ಕೂತಿದ್ದಾರೆಂದು ನನಗೆ ಗೊತ್ತಿರಲಿಲ್ಲ. ಜನ ನಕ್ಕರು, ಅಮಲ್ದಾರರು ನಗಲಿಲ್ಲ. “ಇದನ್ನ ಹಿಂಗೆ ಕೂರಿಸಿದ್ದು ಯಾರು?” ಎಂದು ಎದ್ದು ನಿಂತರು. ನಿಮ್ಮ ತಾತನ ಕೈ ಮಿಷನ್ನಿನ ಮೇಲೇ ನಿಂತಿತು. ರುಕ್ಕಮ್ಮ ಬೆತ್ತ ಬಗಲಿಗಿಟ್ಟು ಕೈಮುಗಿದು, “ಚಿತ್ರ ಮದರಾಸಿಂದ ಹಂಗೇ ಬಂದೈತೆ ಬುದ್ಧಿ, ನಾವು ಓದು ಬರಾ ಇಲ್ದೋರು” ಎಂದಳು. ಅವರು ಸುಮ್ಮನಾದರು. ಅವಳು ನನ್ನನ್ನು ಉಳಿಸಿದಳು. ನನಗೆ ಬಂದ ಯೋಚನೆ ಏನೆಂದರೆ, ನನ್ನ ಹೆಸರು ಹೇಳಿದ್ದರೆ ಅಮಲ್ದಾರರಾದರೂ ಒಂದು ಸಲ ನನ್ನನ್ನು ನೋಡುತ್ತಿದ್ದರು. ಹೊಟ್ಟೆಕಿಚ್ಚು ಮನುಷ್ಯರನ್ನು ಎಷ್ಟು ದಡ್ಡರನ್ನಾಗಿ ಮಾಡುತ್ತದೆ ನೋಡಿ.

ಮಾತಾಡುವ ಚಿತ್ರಗಳು ನಮ್ಮ ಕಡೆಗೆ ತಡವಾಗಿ ಬಂದವು. ಕೈಯಿಂದ ತಿರುಗಿಸುವ ಮಿಷನ್ ಹೋಗಿ ಬೇರೆ ಬಂತು. ಫಿಲಮಿನ ಒಂದು ಅಂಚಿನಲ್ಲಿ ಸದ್ದಿನ ಗೆರೆ ಬಂತು. ಕೆಚ್ಚಿದ ಜಾಗದಲ್ಲಿ ಆ ಗೆರೆಯ ಮೇಲೆ ಕಪ್ಪು ಶಾಯಿ ಬಳಿಯದಿದ್ದರೆ ಟೆಂಟಿನಲ್ಲಿ ಧಡ್ ಎಂದು ಸದ್ದಾಗುತ್ತಿತ್ತು. ನಾನು ಅದನ್ನೂ ಕಲಿತೆ. ಆದರೆ ಎಲ್ಲೆಂದರಲ್ಲಿ ಕತ್ತರಿಸುವ ಹಾಗಿರಲಿಲ್ಲ, ಮಾತು ತುಂಡಾಗುತ್ತಿತ್ತು. ತುಂಡುಗಳ ಆಟ ಅಲ್ಲಿಗೆ ನಿಂತಿತು.

ಮೊದಲ ಮಾತಿನ ಚಿತ್ರದ ದಿನ ಚಳ್ಳಕೆರೆಯಲ್ಲಿ ಜನ ಕಿಕ್ಕಿರಿದಿದ್ದರು. ರುಕ್ಕಮ್ಮ ಅಭ್ಯಾಸಬಲದಿಂದ ಪರದೆಯ ಪಕ್ಕ ನಿಂತಳು. ಒಳ್ಳೆಯ ಸೀರೆ ಉಟ್ಟಿದ್ದಳು. ಚಿತ್ರದ ಹೆಂಗಸು ಬಾಯಿ ತೆರೆಯುವ ಮೊದಲೇ ಇವಳು ಒಂದು ಮಾತು ಹೇಳಿದಳು. ಯಾರೋ, “ಸುಮ್ನಿರಮ್ಮ, ಅವ್ರೇ ಮಾತಾಡ್ತಾರೆ” ಎಂದರು. ಇನ್ನೊಬ್ಬ, “ಕುಂದ್ರು, ಕುಂದ್ರು, ಅಡ್ಡ ನಿಲ್ಬೇಡ” ಎಂದ. ಅವಳು ಬೆತ್ತ ಹಿಡಿದುಕೊಂಡೇ ಹೆಂಗಸರ ಸಾಲಿನ ತುದಿಯಲ್ಲಿ ಕೂತಳು. ನನಗೆ ಸಂತೋಷವಾಯಿತು. ಸುಳ್ಳು ಬರೆಯುವುದಿಲ್ಲ, ತುಂಬಾ ಸಂತೋಷವಾಯಿತು.

ಎರಡು ದಿನ ಬಿಟ್ಟು ಮಧ್ಯಾಹ್ನ ನನ್ನ ಮೇಜಿನ ಹತ್ತಿರ ಬಂದು ನಿಂತಳು.

“ಅಕ್ಕಯ್ಯ, ನಂಗೂ ಕೆಚ್ಚೋದು ಕಲ್ಸು.”

“ನಿಂಗ್ಯಾಕೆ ಇದೆಲ್ಲ?”

“ಮತ್ತಿನ್ನೇನು ಮಾಡ್ಲಿ? ಟೆಂಟು ಬಿಟ್ಟು ಇರಾಕೆ ಆಗಲ್ಲ ನಂಗೆ. ನಿನ್ ಪಕ್ಕದಾಗೆ ಕುಂತು ಮಾಡ್ತೀನಿ. ಕತೇಲಿ ಎಲ್ಲಿ ಕತ್ತರಿಸ್ಬೇಕು ಅಂತ ನಂಗೆ ಗೊತ್ತಾಗುತ್ತೆ. ಕೈ ಮಾತ್ರ ತೋರ್ಸು.”

ಅದು ನಿಜ. ಎಲ್ಲಿ ಕತ್ತರಿಸಬೇಕೆಂದು ಅವಳಿಗೆ ನನಗಿಂತ ಚೆನ್ನಾಗಿ ಗೊತ್ತಾಗುತ್ತಿತ್ತು. ಮೊಳಕಾಲ್ಮೂರಿನ ಸಂಜೆಯೇ ನನಗದು ತಿಳಿದಿತ್ತು. ನಾನು, “ಕೈ ಕೊಡಿಲ್ಲಿ” ಎಂದೆ. ಅವಳು ಎರಡೂ ಕೈ ಚಾಚಿದಳು. ಅಂಗೈ ಮುಟ್ಟಿ ನೋಡಿ, ವೈದ್ಯರ ಹಾಗೆ ತಲೆಯಾಡಿಸಿದೆ.

“ಬೆವರೋ ಕೈ ರುಕ್ಕು ಇದು. ಬೆವರೋ ಕೈ ತಾಕಿದ್ರೆ ಫಿಲಂ ಸತ್ತೋಗುತ್ತೆ. ಹುಟ್ಟಾ ಒಣಗಿದ ಕೈ ಇರ್ಬೇಕು ಇದಕ್ಕೆ. ನಿಂಗೆ ಬರಲ್ಲ.”

ಅವಳು ತನ್ನ ಅಂಗೈಗಳನ್ನು ತಿರುಗಿಸಿ ತಿರುಗಿಸಿ ನೋಡಿಕೊಂಡಳು. “ಹೌದಾ?” ಎಂದಳು. ಅಷ್ಟೆ. ನನ್ನ ಕೆಲಸದ ವಿಷಯದಲ್ಲಿ ನಾನು ಹೇಳಿದ್ದನ್ನು ಅವಳು ಎಂದೂ ಅನುಮಾನಿಸಿದವಳಲ್ಲ.

ಪದ್ಮ, ಬೆವರುವ ಕೈಯನ್ನು ಬಟ್ಟೆಗೆ ಒರೆಸಿಕೊಂಡರೆ ಆಯಿತು. ಕೆಚ್ಚುವುದನ್ನು ಯಾರು ಬೇಕಾದರೂ ಮೂರು ದಿನದಲ್ಲಿ ಕಲಿಯಬಹುದು.

ಆ ವರ್ಷವೇ ಮೈದುನ ಟೆಂಟಿನಿಂದ ತನ್ನ ಪಾಲು ಬಿಡಿಸಿಕೊಂಡು ಚಳ್ಳಕೆರೆಯಲ್ಲಿ ನಿಂತ. ರುಕ್ಕಮ್ಮ ಎಣ್ಣೆ ಗಿರಣಿಯಲ್ಲಿ ಶೇಂಗಾ ಆರಿಸಲು ಹೋಗತೊಡಗಿದಳು. ನಾನು ಇನ್ನೂ ಎಷ್ಟೋ ವರ್ಷ ಟೆಂಟಿನ ಹಿಂದೆ ಕೂತು ಕೆಲಸ ಮಾಡಿದೆ.

ಒಮ್ಮೆ ಅವಳಿಗೆ ಹುಷಾರಿಲ್ಲವೆಂದು ತಿಳಿದು ಚಳ್ಳಕೆರೆಗೆ ಹೋದೆ. ಗಿರಣಿಯ ಹೆಂಗಸರು ಐದಾರು ಜನ ಅವಳನ್ನು ನೋಡಲು ಬಂದು ನಡುಮನೆಯಲ್ಲಿ ಕೂತಿದ್ದರು. ನಾನು ಒಳಗೆ ಕಾಲಿಡುತ್ತಲೇ ರುಕ್ಕಮ್ಮ ಚಾಪೆಯ ಮೇಲೆ ಎದ್ದು ಕೂತು, ಆ ಹಳೆಯ ದನಿಯಲ್ಲಿ, “ನಾನು ಹೇಳ್ತಿದ್ನಲ್ಲ, ಇವ್ರೇ ನಮ್ಮಕ್ಕಯ್ಯ” ಎಂದಳು.

ಹೆಂಗಸರೆಲ್ಲ ಎದ್ದು ನಿಂತರು. ಒಬ್ಬಳು ಹತ್ತಿರ ಬಂದಳು. “ನಿಮ್ದೇ ಏನ್ರೀ ಆ ಕೈ? ದಿನಾ ಹೇಳ್ತಾರೆ. ಸೀಮೆಗೇ ಒಂದು ಅಂತೆ, ಹುಟ್ಟಾ ಒಣಗಿದ ಕೈ ಅಂತೆ. ಬೇರೆ ಯಾರಿಗೂ ಬರಲ್ವಂತೆ ಆ ಕೆಲ್ಸ. ತೋರ್ಸ್ರೀ, ಒಂದ್ಸಲ ಮುಟ್ಟಿ ನೋಡ್ತೀವಿ.”

ರುಕ್ಕಮ್ಮ ಹೆಮ್ಮೆಯಿಂದ ನನ್ನನ್ನೇ ನೋಡುತ್ತಿದ್ದಳು.

ಎರಡೂ ಕೈಯನ್ನು ಸೆರಗಿನೊಳಗೆ ಎಳೆದುಕೊಂಡೆ. ಅಂಗೈ ಬೆವರಿ ತೊಪ್ಪೆಯಾಗಿತ್ತು.